ಕಲಬುರಗಿಯ ನೆಲ: ಓದದೆ ಉಳಿದ ಗ್ರಂಥ

ಹಿತ್ತಲ ಗಿಡ ಮದ್ದಲ್ಲ ಎಂಬುದು ಕನ್ನಡದ ಹಳೆಯ ಗಾದೆ. ಪ್ರಕೃತಿದರ್ಶನದ ವಿಷಯದಲ್ಲಿ ಕಲಬುರಗಿ ಸೀಮೆಯ ಜನ ಈ ಗಾದೆಯನ್ನು ಅಕ್ಷರಶಃ ಪಾಲಿಸಿಕೊಂಡು ಬಂದಿದ್ದಾರೆ. ಶಾಲೆಗಳ ಶೈಕ್ಷಣಿಕ ಪ್ರವಾಸವೆಂದರೆ ಜೋಗ, ಬಾದಾಮಿ, ಹಂಪೆ, ಮೈಸೂರು. ಬಸ್ಸು ಜಿಲ್ಲೆಯ ಸೀಮೆಯನ್ನು ದಾಟುವ ತನಕ ಮಕ್ಕಳು ಕಿಟಕಿಯಿಂದ ಹೊರಗೆ ನೋಡುವುದಿಲ್ಲ. ನೋಡಿರೆಂದು ಹೇಳುವ ಗುರುಗಳೂ ವಿರಳ. ಇಲ್ಲಿರುವುದು ಬರಿಯ ಬಿಸಿಲು, ಬರಿಯ ಕಲ್ಲು ಎಂಬ ಭಾವನೆ ಹಿರಿಯರಿಂದ ಕಿರಿಯರಿಗೆ ಆಸ್ತಿಯಂತೆ ಹರಿದು ಬಂದಿದೆ. ಈ ಭಾವನೆ ಸತ್ಯಕ್ಕೆ ದೂರವಾದುದು ಮಾತ್ರವಲ್ಲ, ಹಾನಿಕರವಾದುದೂ ಹೌದು.

ಕಲಬುರಗಿ ಎಂಬ ಹೆಸರಿನಲ್ಲಿಯೇ ‘ಕಲ್’ ಎಂಬ ಶಬ್ದವಿದೆಯೆಂದು ಜನ ಹೇಳುವುದುಂಟು. ಈ ನಿರುಕ್ತಿ ಎಷ್ಟರಮಟ್ಟಿಗೆ ಸಾಧುವೆಂಬುದು ಬೇರೆ ಮಾತು. ಆದರೆ ಈ ನೆಲದ ಕಲ್ಲು ಸಾಮಾನ್ಯವಾದುದಲ್ಲವೆಂಬುದು ನಿರ್ವಿವಾದ. ಈಗ ತಾಲ್ಲೂಕು ಕೇಂದ್ರವಾಗಿರುವ ಕಮಲಾಪುರದಿಂದ ಹೊರಟು, ಕಲಬುರಗಿ ನಗರವನ್ನು ಹಾದು, ಶಹಾಬಾದದ ಮೇಲೆ ಯಾದಗಿರಿಯವರೆಗೆ ಸಾಗುವ ಪಯಣಿಗನು ಕ್ರಮಿಸುವ ದೂರ ನೂರು ಕಿಲೋಮೀಟರಿಗೆ ಸ್ವಲ್ಪ ಹೆಚ್ಚು. ಆ ಅವಧಿಯಲ್ಲಿ ಅವನು ಭೂಮಿಯ ಆಯುಷ್ಯದಲ್ಲಿ ಇನ್ನೂರೈವತ್ತು ಕೋಟಿ ವರ್ಷಗಳಷ್ಟು ಹಿಂದಕ್ಕೆ ಇಳಿಯುತ್ತಾನೆ. ಅದು ಅವನಿಗೆ ತಿಳಿಯದಿರುವುದೇ ವಿಷಾದದ ಸಂಗತಿ.

ಮೊದಲ ಮೆಟ್ಟಿಲು ಕರಿಕಲ್ಲಿನದು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಪಶ್ಚಿಮ ಭಾರತದ ನೆಲ ಬಿರಿದು ಲಾವಾರಸ ಹೊರಹೊಮ್ಮಿತು. ಪದರದ ಮೇಲೆ ಪದರವಾಗಿ ಹರಡಿ ಹೆಪ್ಪುಗಟ್ಟಿತು. ಅದರಲ್ಲಿ ಇಂದು ಉಳಿದಿರುವ ಭಾಗವೇ ಸುಮಾರು ಐದು ಲಕ್ಷ ಚದರ ಕಿಲೋಮೀಟರಿನಷ್ಟಿದೆ. ಮೆಟ್ಟಿಲು ಮೆಟ್ಟಿಲಾಗಿ ಕಾಣುವ ಕಾರಣ ವಿದ್ವಾಂಸರು ಇದಕ್ಕೆ ‘ಟ್ರ್ಯಾಪ್’ ಎಂಬ ಹೆಸರಿಟ್ಟರು. ಸ್ವೀಡಿಷ್ ಭಾಷೆಯಲ್ಲಿ ಆ ಮಾತಿನ ಮೂಲಾರ್ಥ ಸೋಪಾನವೆಂದೇ. ಸಹ್ಯಾದ್ರಿಯಲ್ಲಿ ಎರಡು ಕಿಲೋಮೀಟರಿಗೂ ಮೀರಿ ದಪ್ಪವಿರುವ ಈ ಹಾಸು ಆಗ್ನೇಯಕ್ಕೆ ಬಂದಂತೆ ತೆಳುವಾಗುತ್ತ ಕಲಬುರಗಿಯ ದಕ್ಷಿಣದಲ್ಲಿ ಮುಗಿಯುತ್ತದೆ. 1347ರಲ್ಲಿ ಬಹಮನಿ ಸುಲ್ತಾನರು ರಾಜಧಾನಿ ಮಾಡಿಕೊಂಡ ನಗರ ನಿಂತಿರುವುದು ಈ ಲಾವಾಸಾಗರದ ದಡದ ಮೇಲೆ.

ಈ ಒಂದೇ ಕಲ್ಲಿಗೆ ಇಬ್ಬರು ಮಕ್ಕಳು. ತಗ್ಗಿನ ಬಯಲುಗಳಲ್ಲಿ ಅದು ಕರಗಿ ಎರೆಮಣ್ಣಾಯಿತು. ಮಳೆಗೆ ಉಬ್ಬಿ ಬೇಸಿಗೆಯಲ್ಲಿ ಬಿರಿಯುವ ಈ ಮಣ್ಣು ತೇವವನ್ನು ಬಹುಕಾಲ ಹಿಡಿದಿಡಬಲ್ಲುದಾದ್ದರಿಂದ ಇದು ತೊಗರಿಯ ನಾಡೆನಿಸಿತು. 2019ರಲ್ಲಿ ಕಲಬುರಗಿಯ ತೊಗರಿಬೇಳೆಗೆ ಭೌಗೋಳಿಕ ಸೂಚಕದ ಮಾನ್ಯತೆಯೂ ದೊರೆಯಿತು. ಎತ್ತರದ ತಾಣಗಳಲ್ಲಿ ಯುಗಯುಗಗಳ ಮಳೆ ಅದೇ ಕಲ್ಲಿನ ಸಿಲಿಕಾಂಶವನ್ನು ತೊಳೆದೊಯ್ದು, ಕಬ್ಬಿಣ ಮತ್ತು ಅಲ್ಯೂಮಿನಿಯಂ ಅಂಶಗಳನ್ನು ಮಾತ್ರ ಉಳಿಸಿತು. ಅದೇ ಜಂಬಿಟ್ಟಿಗೆ, ಅದರಿಂದಾದದ್ದೇ ಕೆಂಪು ನೆಲ. ಕಮಲಾಪುರದ ಕೆಂಪು ಬಾಳೆ ಬೆಳೆಯುವುದು ಆ ಮಣ್ಣಿನಲ್ಲಿ. ಸಾಮಾನ್ಯ ಬಾಳೆಗಿಂತ ನಿಧಾನವಾಗಿ ಫಲಿಸುವ ಈ ಹಣ್ಣಿಗೂ ಭೌಗೋಳಿಕ ಸೂಚಕದ ಮಾನ್ಯತೆಯುಂಟು. ಹಣ್ಣಿನ ಕೀರ್ತಿಯನ್ನು ಹೊಗಳುವವರು ಅದರ ತಾಯಿಯಾದ ಕಲ್ಲನ್ನು ನೆನೆಯುವುದಿಲ್ಲ.

ಇಲ್ಲಿ ಶಬ್ದಪ್ರಿಯರು ಗಮನಿಸಬೇಕಾದ ಒಂದು ಸ್ವಾರಸ್ಯವಿದೆ. ಫ್ರಾನ್ಸಿಸ್ ಬುಕಾನನ್ ಎಂಬ ಪ್ರವಾಸಿಯು 1807ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ಈ ಶಿಲೆಗೆ, ಇಟ್ಟಿಗೆ ಎಂಬರ್ಥದ ಲ್ಯಾಟಿನ್ ಮಾತಿನಿಂದ, ‘ಲ್ಯಾಟರೈಟ್’ ಎಂಬ ಹೆಸರಿಟ್ಟನು. ಕನ್ನಡದ ‘ಜಂಬಿಟ್ಟಿಗೆ’ಯಲ್ಲಿಯೂ ಇಟ್ಟಿಗೆಯೇ ಕುಳಿತಿದೆ. ವಿಜ್ಞಾನವು ಲ್ಯಾಟಿನ್ನಿಗೆ ಹೋಗಿ ತಂದ ಅರ್ಥ ಒಕ್ಕಲಿಗನ ಮನೆಯ ಮಾತಿನಲ್ಲಿಯೂ ಇದೆ. ಶಾಲೆಯ ಪಾಠದಲ್ಲಿ ಮಾತ್ರ ಪರದೇಶದ ಹೆಸರು ಉಳಿದು ಮನೆಯ ಹೆಸರು ಮರೆಯಾಗುತ್ತಿದೆ.

ಎರಡನೆಯ ಮೆಟ್ಟಿಲು ಶಹಾಬಾದದ ಕಲ್ಲು. ಜನ ಅದನ್ನು ಫರ್ಸಿಯೆನ್ನುತ್ತಾರೆ. ಚಿಪ್ಪುಳ್ಳ ಜೀವಿಗಳು ಕಡಲಿನಲ್ಲಿ ಹುಟ್ಟುವುದಕ್ಕೂ ಮುನ್ನ ಇಲ್ಲಿದ್ದ ಆಳವಿಲ್ಲದ ಸಮುದ್ರದ ತಳದಲ್ಲಿ ಸುಣ್ಣದ ಕೆಸರು ಶಾಂತವಾಗಿ ಕುಳಿತು, ಪುಸ್ತಕದ ಹಾಳೆಗಳಂತೆ ಬಿಡಿಸಬಹುದಾದ ಶಿಲೆಯಾಯಿತು. ರಾಬರ್ಟ್ ಬ್ರೂಸ್ ಫೂಟ್ 1876ರ ತನ್ನ ವರದಿಯಲ್ಲಿ ಭೀಮಾ ತೀರದ ಈ ಶಿಲಾವರ್ಗವನ್ನು ವಿವರಿಸಿದನು. ಮನುಷ್ಯನಿಗಾದರೋ ಅದರ ಪರಿಚಯ ಬಹು ಹಿಂದಿನದು. ಸುರಪುರದ ಬಳಿಯ ಇಸಾಂಪುರದಲ್ಲಿ ಸುಮಾರು ಹನ್ನೆರಡು ಲಕ್ಷ ವರ್ಷಗಳ ಹಿಂದೆಯೇ ಆದಿಮಾನವರು ಈ ಸುಣ್ಣಕಲ್ಲಿನ ಹಲಗೆಗಳನ್ನು ಆಯ್ದು ಕೈಕೊಡಲಿಗಳನ್ನು ಮಾಡಿಕೊಂಡಿದ್ದರೆಂದು ಉತ್ಖನನ ತೋರಿಸಿದೆ. ಸನ್ನತಿಯ ಬಳಿಯ ಕನಗನಹಳ್ಳಿಯಲ್ಲಿ ಶಿಲ್ಪಿಗಳು ಇದೇ ಜಾತಿಯ ಕಲ್ಲಿನಲ್ಲಿ ಅಶೋಕ ಚಕ್ರವರ್ತಿಯ ರೂಪವನ್ನು ಹೆಸರು ಸಹಿತ ಕಡೆದರು. ಕವಿರಾಜಮಾರ್ಗವು ಹುಟ್ಟಿದ ಕಾಲದ ರಾಜಧಾನಿ ಮಾನ್ಯಖೇಟ, ಇಂದಿನ ಮಳಖೇಡ, ಕಾಗಿಣಾ ತೀರದ ಈ ಕಲ್ಲಿನ ನೆಲದ ಮೇಲೆಯೇ ಇದೆ. ಇಂದು ಅದೇ ಕಲ್ಲು ವಾಡಿ, ಸೇಡಂ, ಮಳಖೇಡಗಳ ಕುಲುಮೆಗಳಲ್ಲಿ ಸಿಮೆಂಟಾಗುತ್ತಿದೆ. ಆಯುಧ, ಶಿಲ್ಪ, ಮನೆ, ಸಿಮೆಂಟು: ಒಂದು ಶಿಲೆ ಇಷ್ಟು ದೀರ್ಘಕಾಲ ಮನುಷ್ಯನ ಸೇವೆ ಮಾಡಿದ ಉದಾಹರಣೆ ಲೋಕದಲ್ಲಿ ವಿರಳ.

ಮೂರನೆಯ ಮೆಟ್ಟಿಲು ಯಾದಗಿರಿ ಕೋಟೆಯ ಬೆಟ್ಟದಲ್ಲಿ ಕಾಣುವ ಬೆಣಚುಕಲ್ಲಿನದು. ಅದರ ವಯಸ್ಸು ಇನ್ನೂರೈವತ್ತು ಕೋಟಿ ವರ್ಷಗಳ ಆಸುಪಾಸು. ಭೀಮಾ ಶಿಲೆಗಳ ದಕ್ಷಿಣದ ಅಂಚಿನಲ್ಲಿ ಹಳೆಯ ಶಿಲೆಯ ಮೇಲೆ ಹೊಸದು ನೇರವಾಗಿ ಕುಳಿತಿದೆ. ನಡುವೆ ನೂರು ಕೋಟಿ ವರ್ಷಗಳಿಗೂ ಮೇಲ್ಪಟ್ಟ ಕಾಲ ಕಾಣೆಯಾಗಿದೆ. ತಿರುಮಲದ ಬೆಟ್ಟದಲ್ಲಿರುವ ಇಂಥದೇ ಸಂಧಿಯನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಸಾರಲಾಗಿದೆ. ಕರ್ನಾಟಕದಲ್ಲಿಯೂ ಲಾಲ್‌ಬಾಗಿನ ಬಂಡೆ, ಉಡುಪಿಯ ಸೇಂಟ್ ಮೇರಿಸ್ ದ್ವೀಪ, ಚಿತ್ರದುರ್ಗದ ಮರಡಿಹಳ್ಳಿ, ಕೋಲಾರ ಸೀಮೆಯ ಪೆದ್ದಪಲ್ಲಿಗಳಿಗೆ ಆ ಗೌರವ ಸಂದಿದೆ. ಕಲಬುರಗಿ ಸೀಮೆಯದೊಂದು ಹೆಸರೂ ಆ ಪಟ್ಟಿಯಲ್ಲಿ ಬಂದಿಲ್ಲ.

ಇದು ಕೇವಲ ಗೌರವದ ಪ್ರಶ್ನೆಯಲ್ಲ. 2021ರ ಅಕ್ಟೋಬರಿನಲ್ಲಿ ಚಿಂಚೋಳಿ ತಾಲ್ಲೂಕಿನ ಗಡಿಕೇಶ್ವಾರ ಸುತ್ತಿನ ಗ್ರಾಮಗಳಲ್ಲಿ ನೆಲ ಪದೇಪದೇ ಕಂಪಿಸಿದಾಗ ಜನ ಮನೆಯೊಳಗೆ ಮಲಗಲು ಅಂಜಿದರು. ಅಧಿಕ ಮಳೆಯ ನೀರು ಶಿಲೆಯ ಬಿರುಕುಗಳಿಗಿಳಿದು ಒತ್ತಡ ಬದಲಾಗುವುದರಿಂದ ಇಂಥ ಲಘು ಕಂಪನಗಳು ಉಂಟಾಗಬಹುದೆಂದು ತಜ್ಞರು ವಿವರಿಸಿದರು. 1993ರಲ್ಲಿ ಕಿಲ್ಲಾರಿಯ ಭೂಕಂಪವನ್ನು ಕಂಡ ಪ್ರದೇಶಕ್ಕೆ ಭಯ ಸಹಜವೇ. ಆದರೆ ತನ್ನ ಕಾಲ ಕೆಳಗೆ ಏನಿದೆಯೆಂಬುದನ್ನು ಬಾಲ್ಯದಲ್ಲಿಯೇ ಕಲಿತ ಗ್ರಾಮಸ್ಥನಿಗೆ ವದಂತಿಯನ್ನೂ ವಿವೇಕವನ್ನೂ ಬೇರ್ಪಡಿಸುವ ಶಕ್ತಿ ಇರುತ್ತಿತ್ತು.

ಕಲ್ಲು ಕಡಿಯಲೇಬಾರದೆಂಬ ವಾದ ಇಲ್ಲಿಯದಲ್ಲ. ಫರ್ಸಿ ಗಣಿಗಳಿಂದ ಅನೇಕ ಕುಟುಂಬಗಳು ಅನ್ನ ಕಾಣುತ್ತಿವೆ. ರಸ್ತೆಗೆ ಮೊರಂ ಬೇಕು, ಮನೆಗೆ ಸಿಮೆಂಟು ಬೇಕು. ಆದರೆ ಒಂದಂಗುಲ ಮಣ್ಣು ಹುಟ್ಟಲು ನೂರಾರು ವರ್ಷಗಳು ಬೇಕಾಗಿರುವಲ್ಲಿ ಅದನ್ನು ಲಾರಿಗೆ ತುಂಬಲು ಗಳಿಗೆ ಸಾಕು. ಕಲ್ಲು ತೆಗೆದ ಹೊಂಡಗಳು ಬಾಯ್ತೆರೆದು ಬಿದ್ದಿರುವಾಗ ಲಾಭ ಒಬ್ಬರದು, ನಷ್ಟ ಊರಿನದು. ಎಲ್ಲವನ್ನೂ ಉಳಿಸಲಾಗದಿದ್ದರೆ ಕೆಲವನ್ನಾದರೂ ಉಳಿಸುವುದು ಧರ್ಮ.

ಆದ್ದರಿಂದ ಮೂರು ಕಾರ್ಯಗಳು ಆಗಬೇಕು. ಕಮಲಾಪುರದ ಕೆಂಪು ನೆಲದ ಒಂದು ದಿಣ್ಣೆ, ಶಹಾಬಾದದ ಒಂದು ಹಳೆಯ ಗಣಿಯ ಗೋಡೆ, ದಕ್ಷಿಣದಂಚಿನ ಒಂದು ಶಿಲಾಸಂಧಿ, ಇಷ್ಟನ್ನಾದರೂ ಪಂಚಾಯಿತಿಗಳು ಸರ್ಕಾರದ ನೆರವಿನಿಂದ ಕಾಪಾಡಿ, ಕನ್ನಡ ಫಲಕಗಳನ್ನು ನಿಲ್ಲಿಸಬೇಕು. ಎರಡನೆಯದಾಗಿ, 2011ರಲ್ಲಿ ವನ್ಯಜೀವಿ ಧಾಮವಾದ ಚಿಂಚೋಳಿಯ ಅರಣ್ಯಕ್ಕೆ ಪ್ರತಿ ಶಾಲೆಯೂ ಒಮ್ಮೆಯಾದರೂ ಮಕ್ಕಳನ್ನು ಕರೆದೊಯ್ದು, ಮರಗಳೊಂದಿಗೆ ಆ ಮರ ನಿಂತ ನೆಲವನ್ನೂ ತೋರಿಸಬೇಕು. ಮೂರನೆಯದಾಗಿ, ಎರೆ, ಮಸಾರಿ, ಮೊರಂ, ಫರ್ಸಿ, ಜಂಬಿಟ್ಟಿಗೆ ಮುಂತಾದ ಮನೆಮಾತುಗಳನ್ನು ಮಕ್ಕಳಿಂದಲೇ ಹಿರಿಯರ ಬಳಿ ಸಂಗ್ರಹಿಸಿ, ಪ್ರತಿ ಶಬ್ದದ ಪಕ್ಕದಲ್ಲಿ ಒಂದೊಂದು ಕಲ್ಲಿನ ತುಣುಕನ್ನಿಟ್ಟು, ಶಾಲೆಯ ಒಂದು ಕಪಾಟಿನಲ್ಲಿ ಜೋಡಿಸಬೇಕು.

ಇದಕ್ಕೆ ಹೆಚ್ಚಿನ ಹಣ ಬೇಡ. ಜೋಗಕ್ಕೆ ಹೋಗುವ ಬಸ್ಸಿನ ಒಂದು ದಿನದ ಬಾಡಿಗೆ ಸಾಕು. ಕಮಲಾಪುರದ ಬಾಲಕನು ತನ್ನ ಹೊಲದ ಕಲ್ಲನ್ನು ಕೈಗೆತ್ತಿಕೊಂಡು ಇದು ಎಲ್ಲಿಂದ ಬಂತೆಂದು ಪ್ರಶ್ನಿಸಿದ ದಿನವೇ ಆ ಕಪಾಟು ಸಾರ್ಥಕವಾಗುತ್ತದೆ.