ತೆರೆದ ಕಿಟಕಿ

ಕಳೆದ ಶನಿವಾರ ರಾತ್ರಿ ಮುಂಬೈಯ ಸೆಕೆಗೆ ನಿದ್ದೆ ಬಾರದೆ ನೆಟ್‌ಫ್ಲಿಕ್ಸಿನಲ್ಲಿ 2021ರ ‘ನೈಟ್ ಸ್ಟಾಕರ್’ ಸಾಕ್ಷ್ಯಚಿತ್ರ ಹಾಕಿಕೊಂಡು ಕೂತೆ. ನಾಲ್ಕು ಕಂತು. ಮೊದಲನೆಯದು ಮುಗಿಯುವಷ್ಟರಲ್ಲಿ ಎದ್ದು ಹೋಗಿ ಬಾಲ್ಕನಿಯ ಚಿಲಕ ಹಾಕಿ ಬಂದೆ. ನಾವಿರುವುದು ಏಳನೆಯ ಮಹಡಿಯಲ್ಲಿ!

1985ರ ಬೇಸಿಗೆಯಲ್ಲಿ ಲಾಸ್ ಏಂಜಲೀಸಿನಲ್ಲೂ ಇಂಥದೇ ಸೆಕೆ. ಜನ ಕಿಟಕಿ ತೆರೆದಿಟ್ಟು ಮಲಗುತ್ತಿದ್ದರು. ಅಂಥ ಮನೆಗಳಿಗೆ ನುಗ್ಗಿ ಕೊಲ್ಲುತ್ತಿದ್ದವನ ಕತೆ ಇದು. ಹೇಳುವವರು, ಅವನ ಬೆನ್ನು ಹತ್ತಿದ್ದ ನಿವೃತ್ತ ಪತ್ತೇದಾರ ಗಿಲ್ ಕರಿಲ್ಲೋ.

ಆಗ ಅವರು ಕೊಲೆ ವಿಭಾಗದಲ್ಲಿ ಕಿರಿಯರು. ಮಕ್ಕಳ ಅಪಹರಣ, ಮುದುಕಿಯರ ಮೇಲಿನ ಹಲ್ಲೆ, ದಂಪತಿಗಳ ಕೊಲೆ, ಎಲ್ಲವೂ ಒಬ್ಬನದೇ ಕೆಲಸ ಎಂದಾಗ ಸಹೋದ್ಯೋಗಿಗಳು ನಕ್ಕರಂತೆ. ಸರಣಿ ಹಂತಕ ಒಂದೇ ಬಗೆಯವರನ್ನು ಹುಡುಕುತ್ತಾನೆ ಎಂಬುದು ಅಂದಿನ ನಂಬಿಕೆ. ಅನುಭವಿ ಫ್ರ್ಯಾಂಕ್ ಸಲೆರ್ನೋ ಮಾತ್ರ ಈ ಹುಡುಗನ ಜೊತೆ ನಿಂತರು.

ಅವರ ಕೈಯಲ್ಲಿದ್ದ ದೊಡ್ಡ ಸುಳಿವು ಏವಿಯಾ ಶೂಗಳ ಗುರುತು. ಸ್ಯಾನ್ ಫ್ರಾನ್ಸಿಸ್ಕೋದ ಮೇಯರ್ ಪತ್ರಿಕಾಗೋಷ್ಠಿಯಲ್ಲಿ ಅದನ್ನೂ ಬಾಯಿಬಿಟ್ಟರು. ಊರಿಗೆ ಧೈರ್ಯ ಹೇಳಲು ಹೋಗಿ ಹಂತಕನಿಗೇ ಎಚ್ಚರಿಕೆ ಕೊಟ್ಟಂತಾಯಿತು. ಕೊನೆಗೆ ಕದ್ದ ಕಾರಿನಲ್ಲಿ ಸಿಕ್ಕ ಬೆರಳಚ್ಚಿನಿಂದ ರಿಚರ್ಡ್ ರಾಮಿರೆಜ್ ಎಂಬ ಹೆಸರು ಸಿಕ್ಕಿತು, ಫೋಟೋ ಪತ್ರಿಕೆಗಳಲ್ಲಿ ಬಂತು. ಆಗಸ್ಟ್ 31ರಂದು ಪೂರ್ವ ಲಾಸ್ ಏಂಜಲೀಸಿನ ಜನರೇ ಅಟ್ಟಿಸಿಕೊಂಡು ಹೋಗಿ ಹಿಡಿದು ಬಡಿದರು. 13 ಕೊಲೆಗಳಿಗೆ ಮರಣದಂಡನೆಯಾಯಿತು. ಆದರೆ ಅವನು 2013ರಲ್ಲಿ ಕಾಯಿಲೆಯಿಂದ ಸತ್ತ.

ನನ್ನ ಮನಸ್ಸಿನಲ್ಲಿ ಉಳಿದದ್ದು ಅದಲ್ಲ. ಆ ದಿನಗಳಲ್ಲಿ ಹೆದರಿದ ಹೆಂಡತಿ ಮಕ್ಕಳನ್ನು ಕರೆದುಕೊಂಡು ಮನೆ ಬಿಟ್ಟು ಹೋದದ್ದನ್ನು ಕರಿಲ್ಲೋ ಹೇಳುತ್ತಾರೆ. ಊರಿಗೆಲ್ಲ ಕಾವಲು ನಿಂತವರ ಮನೆಯೇ ಖಾಲಿ. ಬದುಕುಳಿದವರು, ಸತ್ತವರ ಮಕ್ಕಳು, ಮೊಮ್ಮಕ್ಕಳು ಕ್ಯಾಮೆರಾ ಮುಂದೆ ಕೂತು ಮಾತಾಡುತ್ತಾರೆ. ಅಜ್ಜಿ ಹೇಗಿದ್ದಳು, ಅಮ್ಮ ಹೇಗಿದ್ದಳು ಎಂದು ಕೇಳುತ್ತಾ ಹೋದಂತೆ ಹಂತಕ ಸಣ್ಣವನಾಗುತ್ತಾನೆ.

ಆಗ ನೆನಪಾದದ್ದು ನಮ್ಮದೇ ಮುಂಬೈ. 1968ರಲ್ಲಿ ಫುಟ್‌ಪಾತ್‌ಗಳಲ್ಲಿ, ಗುಡಿಸಲುಗಳಲ್ಲಿ ಮಲಗಿದ್ದವರನ್ನು ರಾಮನ್ ರಾಘವ್ ನಿದ್ದೆಯಲ್ಲೇ ಕೊಂದ. ಅವರಿಗೆ ಮುಚ್ಚಲು ಕಿಟಕಿಯೂ ಇರಲಿಲ್ಲ. ಬಹುಶಃ ನಮ್ಮ ಹಾಗೆಯೇ ಹೊಟ್ಟೆಪಾಡಿಗೆ ಊರು ಬಿಟ್ಟು ಬಂದವರು. ಅವನ ಹೆಸರಿನಲ್ಲಿ ಸಿನಿಮಾ ಬಂದಿದೆ, ಅದನ್ನು ನೋಡಿಯೂ ಇದ್ದೇನೆ. ಸತ್ತವರಲ್ಲಿ ಒಬ್ಬರ ಹೆಸರು ಹೇಳು ಎಂದರೆ ನನಗೆ ಬರುವುದಿಲ್ಲ. ನಿಮಗೆ ಬರುತ್ತದೆಯೇ?

ನಾಲ್ಕನೆಯ ಕಂತು ಮುಗಿದಾಗ ಬೆಳಗಿನ ಜಾವ. ಹಾಲಿನವನು ಬೆಲ್ ಮಾಡಿದ. ಏಳು ವರ್ಷದಿಂದ ಬರುತ್ತಿದ್ದಾನೆ. ಅವತ್ತು ಮೊದಲ ಬಾರಿಗೆ ಅವನ ಹೆಸರು ಕೇಳಿದೆ.