ಅಶ್ವಶಕ್ತಿಯೊಂದೇ ಅಳತೆಯಲ್ಲ

ಮೋಟಾರು ಬಂಡಿಯೊಂದರ ಮಾತೆತ್ತಿದೊಡನೆ ನಮ್ಮ ತರುಣರು ಎರಡು ಅಂಕಿಗಳನ್ನು ಕೇಳುತ್ತಾರೆ: ಇಂಜಿನಿನ ಅಶ್ವಶಕ್ತಿ ಎಷ್ಟು, ಪರಮಾವಧಿ ವೇಗ ಎಷ್ಟು? ಈ ಅಂಕಿಗಳು ಬಂಡಿಯ ಅರ್ಧ ಕಥೆಯನ್ನು ಮಾತ್ರ ಹೇಳುತ್ತವೆಂದು ನಾವು ಭಾವಿಸುತ್ತೇವೆ. ಉಳಿದರ್ಧವನ್ನು ತಿಳಿಯಲು ಹಳೆಯ ಕಾಲದ ಒಂದು ಪಂದ್ಯದ ಕಾರನ್ನು ನೋಡೋಣ.

ಇಟಲಿಯ ಆಲ್ಫಾ ರೋಮಿಯೊ ಸಂಸ್ಥೆಗಾಗಿ ವಿತ್ತೋರಿಯೊ ಯಾನೊ ಎಂಬ ಇಂಜಿನಿಯರರು ರೂಪಿಸಿದ 'ಪಿ-3' ಕಾರು 1932ರಲ್ಲಿ ಕಣಕ್ಕಿಳಿದು, ತನ್ನ ಮೊದಲ ಪಂದ್ಯವಾದ ಇಟಲಿಯ ಗ್ರಾಂಡ್ ಪ್ರಿಯನ್ನೇ ಗೆದ್ದಿತು. ಅದರಲ್ಲಿ ಚಾಲಕನೊಬ್ಬನಿಗೇ ಸ್ಥಳ. ಸಾಲಾಗಿ ನಿಂತ ಎಂಟು ಸಿಲಿಂಡರುಗಳಿಗೆ ಎರಡು ಸೂಪರ್‌ಚಾರ್ಜರುಗಳು ಗಾಳಿಯನ್ನು ಒತ್ತಿ ತುಂಬುತ್ತಿದ್ದವು. ಅದರ ನಿಜವಾದ ವೈಶಿಷ್ಟ್ಯ ಬೇರೆಡೆ ಇತ್ತು. ಸಾಮಾನ್ಯವಾಗಿ ಹಿಂದಿನ ಅಚ್ಚಿನ ನಡುವೆ ಇರುವ ಭಾರವಾದ ಡಿಫರೆನ್ಷಿಯಲ್ಲನ್ನು ಯಾನೊ ಅವರು ಮುಂದಕ್ಕೆ, ಗೇರುಪೆಟ್ಟಿಗೆಯ ಬೆನ್ನಿಗೇ ಜೋಡಿಸಿದರು. ಅಲ್ಲಿಂದ ಎರಡು ದಂಡಗಳು ಕವಲೊಡೆದು ಹಿಂಗಾಲಿಗಳಿಗೆ ಶಕ್ತಿಯನ್ನು ಒಯ್ದವು. ಹೀಗೆ ಹಗುರಾದ ಅಚ್ಚು ರಸ್ತೆಯ ಉಬ್ಬುತಗ್ಗುಗಳನ್ನು ಸುಲಭವಾಗಿ ಅನುಸರಿಸಬಲ್ಲುದು. ಚಕ್ರವು ನೆಲವನ್ನು ಬಿಡುವುದು ಕಡಿಮೆ.

1934ರಿಂದ ಪಂದ್ಯದ ಕಾರುಗಳ ತೂಕ 750 ಕಿಲೋಗ್ರಾಮನ್ನು ಮೀರಬಾರದೆಂದು ನಿಯಮವಾಯಿತು. ತೂಕ ಇಳಿದರೆ ವೇಗವೂ ಇಳಿದೀತೆಂಬ ಎಣಿಕೆ ಸುಳ್ಳಾಯಿತು. ಜರ್ಮನಿಯ ಮರ್ಸಿಡಿಸ್ ಮತ್ತು ಆಟೋ ಯೂನಿಯನ್ ಸಂಸ್ಥೆಗಳು ಅದೇ ತೂಕದಲ್ಲಿ ಇನ್ನೂ ಬಲವಾದ ಇಂಜಿನುಗಳನ್ನು ಅಡಗಿಸಿದವು. 1935ರ ಹೊತ್ತಿಗೆ ಪಿ-3ರ ಶಕ್ತಿ ಸುಮಾರು 265 ಅಶ್ವಶಕ್ತಿ. ಆಟೋ ಯೂನಿಯನ್ನಿನದು ಸುಮಾರು 375. ಮರ್ಸಿಡಿಸಿನದು ಅದಕ್ಕೂ ಹೆಚ್ಚು.

ಆ ವರ್ಷದ ಜುಲೈ 28ರಂದು ನ್ಯೂರ್ಬರ್ಗ್‌ರಿಂಗಿನಲ್ಲಿ ಜರ್ಮನ್ ಗ್ರಾಂಡ್ ಪ್ರಿ ನಡೆಯಿತು. ಬೆಟ್ಟಗಾಡಿನಲ್ಲಿ ಸುತ್ತಿ ಬಳಸಿದ ಹಾದಿ, ಮಳೆಗೆ ತೊಯ್ದ ನೆಲ. ಇಂಧನ ತುಂಬುವ ಪಂಪು ಕೈಕೊಟ್ಟು, ಪಿ-3ರ ಚಾಲಕ ತಾಝಿಯೊ ನುವೊಲಾರಿ ಎರಡು ನಿಮಿಷಕ್ಕೂ ಮಿಕ್ಕಿ ನಿಲ್ಲಬೇಕಾಯಿತು. ಕಡೆಯ ಸುತ್ತು ಮೊದಲಾದಾಗ ಮರ್ಸಿಡಿಸಿನ ಫಾನ್ ಬ್ರೌಖಿಚ್ ಅರ್ಧ ನಿಮಿಷದಷ್ಟು ಮುಂದಿದ್ದರು. ಟೈರು ಸವೆದುದು ಕಾಣುತ್ತಿದ್ದರೂ ಅದನ್ನು ಬದಲಿಸಲು ಅವರು ನಿಲ್ಲಲಿಲ್ಲ. ಹಿಂದಿನ ಟೈರು ಸಿಡಿಯಿತು, ನುವೊಲಾರಿ ಗೆದ್ದರು.

ಮನುಷ್ಯನು ಯಂತ್ರವನ್ನು ಸೋಲಿಸಿದನೆಂದು ಈ ಕಥೆಯನ್ನು ಹೇಳುವುದುಂಟು. ನಮಗದು ಪೂರ್ತಿ ಒಪ್ಪಿಗೆಯಿಲ್ಲ. ಆ ವರ್ಷದ ಬಹುತೇಕ ದೊಡ್ಡ ಪಂದ್ಯಗಳನ್ನು ಜರ್ಮನ್ ಕಾರುಗಳೇ ಗೆದ್ದವು, ಶಕ್ತಿಗೆ ಬೆಲೆಯಿಲ್ಲವೆನ್ನಲಾಗದು. ಆದರೆ ಆ ಶಕ್ತಿಯೆಲ್ಲ ನೆಲವನ್ನು ಮುಟ್ಟುವುದು ಅಂಗೈಯಗಲದ ರಬ್ಬರಿನ ಮೂಲಕವೇ. ಆ ರಬ್ಬರಿನ ಹಿಡಿತಕ್ಕೆ ಒಂದು ಮಿತಿಯುಂಟು. ಮಿತಿಯನ್ನು ಮೀರಿದ ಶಕ್ತಿ ಬಂಡಿಯನ್ನು ನೂಕುವುದಿಲ್ಲ. ಚಕ್ರವನ್ನು ಜಾರಿಸಿ ಟೈರನ್ನು ಸವೆಸುತ್ತದೆ.

ಇದು ದೂರದ ದೇಶದ ಮಾತೆಂದು ಕುರೆಕುಪ್ಪದ ವಿದ್ಯಾರ್ಥಿಯು ತಳ್ಳಿಹಾಕಬಾರದು. ಸಂಡೂರಿನ ಬೆಟ್ಟಗಳ ಅದಿರು, ತೋರಣಗಲ್ಲಿನ ಉಕ್ಕು, ಇವನ್ನು ಹೊತ್ತ ಲಾರಿಗಳ ನಡುವೆಯೇ ಅವನ ಬೈಕೂ ಓಡಬೇಕು. ಗಂಟೆಗೆ 40 ಕಿಲೋಮೀಟರಿನ ಬದಲು 80ರಲ್ಲಿ ಹೋದರೆ ಚಲನಶಕ್ತಿ ನಾಲ್ಮಡಿಯಾಗುತ್ತದೆ. ಬ್ರೇಕು ಹಿಡಿದ ಮೇಲೆ ಬಂಡಿ ಓಡುವ ದೂರವೂ ನಾಲ್ಮಡಿ. ರಸ್ತೆಯ ಮೇಲೆ ಅದಿರಿನ ಪುಡಿಯೋ ಮಣ್ಣೋ ಚೆಲ್ಲಿದ್ದರೆ ಹಿಡಿತ ಇನ್ನೂ ಕುಗ್ಗುತ್ತದೆ. ಇಂಜಿನು ದೊಡ್ಡದಾದ ಮಾತ್ರಕ್ಕೆ ಈ ಲೆಕ್ಕ ಬದಲಾಗದು.

ಆದುದರಿಂದ ಭೌತಶಾಸ್ತ್ರದ ಉಪಾಧ್ಯಾಯರಲ್ಲಿ ನಮ್ಮದೊಂದು ವಿಜ್ಞಾಪನೆ. ಶಾಲೆಯ ಮೈದಾನದಲ್ಲಿ ಗೆರೆಯೊಂದನ್ನು ಎಳೆದು, ಸೈಕಲ್ಲನ್ನು ಒಮ್ಮೆ ನಿಧಾನವಾಗಿ, ಇನ್ನೊಮ್ಮೆ ಅದರ ಎರಡರಷ್ಟು ವೇಗದಲ್ಲಿ ತಂದು, ಗೆರೆಯ ಬಳಿ ಬ್ರೇಕು ಹಿಡಿಸಿ, ನಿಂತ ದೂರವನ್ನು ಮಕ್ಕಳಿಂದಲೇ ಅಳೆಸಿರಿ. ವೇಗದ ವರ್ಗವೆಂದರೇನೆಂಬುದು ಅವರಿಗೆ ಆಗ ಕಣ್ಣಾರೆ ಕಾಣುತ್ತದೆ. ಹೊಸ ಬೈಕು ಕೊಳ್ಳುವ ದಿನ ಅವರು ಮೊದಲು ಟೈರು, ಬ್ರೇಕುಗಳನ್ನು ನೋಡಿದರೆ ಆ ಪಾಠ ಸಾರ್ಥಕವಾದಂತೆ.