ಬೇಲಿ ಸರಿಯುತ್ತಿದೆ, ಅರ್ಜಿ ಎಲ್ಲಿದೆ?

ಎರಡು ವರ್ಷಕ್ಕೊಮ್ಮೆ ರಜೆಯಲ್ಲಿ ಊರಿಗೆ ಹೋಗುವ ನಮಗೆ, ಅಲ್ಲೇ ಇರುವವರಿಗೆ ಕಾಣದ ಸಂಗತಿಯೊಂದು ಕಣ್ಣಿಗೆ ಬೀಳುತ್ತದೆ. ಬೇಲಿ ಸರಿದಿರುತ್ತದೆ. ಹಿಂದಿನ ರಜೆಯಲ್ಲಿ ಜೀಪು ಹೋಗುತ್ತಿದ್ದ ದಾರಿಯಲ್ಲಿ ಈ ಸಲ ಬೈಕು ಮಾತ್ರ ಹೋಗುತ್ತದೆ. ನಮ್ಮೂರಿನ ಸ್ಮಶಾನದ ದಾರಿ ಕಿರಿದಾದದ್ದು ಹೀಗೆ. ಒಂದು ಮಳೆಗಾಲ ಹೆಣ ಹೊತ್ತವರು ಗದ್ದೆಯ ಕೆಸರಿಗಿಳಿದು ಹೋಗಬೇಕಾಯಿತು. ಮೂರು ರಜೆಗಳಲ್ಲಿ ನಾವು ಕಚೇರಿಗೆ ಹೋಗಿ ಬಾಯಲ್ಲಿ ಹೇಳಿದೆವು. "ನೋಡುವ" ಎಂದರು. ನಾವು ವಿಮಾನ ಹತ್ತಿದೆವು.

ತಪ್ಪು ಅವರದು ಮಾತ್ರವಲ್ಲ. ಆಸ್ಪತ್ರೆಯ ಫಾರ್ಮಸಿಯಲ್ಲಿ ದುಡಿಯುವ ನಾವು ತಾರೀಖು, ಸಹಿ ಇಲ್ಲದ ಚೀಟಿಗೆ ಮದ್ದು ಕೊಡುವುದಿಲ್ಲ. ಕಚೇರಿಯಲ್ಲೂ ಅಷ್ಟೆ. ಬಾಯಿಮಾತಿನ ದೂರಿಗೆ ತಾರೀಖಿಲ್ಲ. ತಾರೀಖಿಲ್ಲದ ದೂರಿಗೆ ತಡವಾಯಿತು ಎಂದು ಕೇಳುವ ಹಾಗೂ ಇಲ್ಲ.

ಕಾನೂನಿಗೇನೂ ಕೊರತೆಯಿಲ್ಲ. ಕರ್ನಾಟಕ ಭೂಕಂದಾಯ ಕಾಯ್ದೆ 1964ರ 104ನೇ ಕಲಂ ಪ್ರಕಾರ ಸರ್ಕಾರಿ ಜಾಗದ ಒತ್ತುವರಿ ತೆರವು ಮಾಡಿಸಬಹುದು. ಊರಿನ ರಸ್ತೆಯ ಒತ್ತುವರಿ ತೆಗೆಸುವ ಅಧಿಕಾರ 1993ರ ಪಂಚಾಯತ್ ರಾಜ್ ಕಾಯ್ದೆಯಲ್ಲಿ ಗ್ರಾಮ ಪಂಚಾಯಿತಿಗೇ ಇದೆ. ಭೂಗಳ್ಳತನಕ್ಕೆಂದೇ 2011ರ ಕಾಯ್ದೆ, ಬೆಂಗಳೂರಿನಲ್ಲಿ ವಿಶೇಷ ನ್ಯಾಯಾಲಯ ಇವೆ. ಪಂಜಾಬಿನ ಜಗಪಾಲ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2011ರಲ್ಲೇ ಗ್ರಾಮದ ಸಾಮೂಹಿಕ ಜಾಗಗಳ ಒತ್ತುವರಿ ತೆರವಿಗೆ ಯೋಜನೆ ಮಾಡಬೇಕೆಂದು ಎಲ್ಲ ರಾಜ್ಯಗಳಿಗೂ ಹೇಳಿದೆ. ಇಷ್ಟಿದ್ದರೂ ಬೇಲಿ ನಿಂತಿದ್ದರೆ, ಕಾನೂನನ್ನು ಕೆಲಸಕ್ಕೆ ಹಚ್ಚುವ ಕಾಗದ ಯಾರೂ ಕೊಟ್ಟಿಲ್ಲ ಎಂದರ್ಥ.

ಆ ಕಾಗದಗಳಿಗೆ ಒಂದು ಕ್ರಮವಿದೆ. ಮೊದಲು ಸರ್ವೆ ನಕ್ಷೆ, ಆರ್‌ಟಿಸಿ ತೆಗೆಸಿ. ಸರ್ವೆ ನಂಬರ್ ಬರೆದು, ಅಳತೆ ಮಾಡಿಸಿ ತೆರವುಗೊಳಿಸಿ ಎಂದು ತಹಶೀಲ್ದಾರರಿಗೂ ಪಂಚಾಯಿತಿಗೂ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ. ಉತ್ತರ ಬಾರದಿದ್ದರೆ ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಶುಲ್ಕ ಕಟ್ಟಿ, ನಮ್ಮ ಅರ್ಜಿಯ ಮೇಲೆ ಯಾವ ದಿನ ಯಾರು ಏನು ಕ್ರಮ ಕೈಗೊಂಡರು ಎಂದು ಕೇಳಿ. 30 ದಿನಗಳಲ್ಲಿ ಉತ್ತರ ಕೊಡಬೇಕು. ಭಾರತದ ಪಾಸ್‌ಪೋರ್ಟ್ ಇರುವ ನಾವು ಇದನ್ನು ಇಲ್ಲಿಂದಲೇ ಆನ್‌ಲೈನ್‌ನಲ್ಲಿ ಹಾಕಬಹುದು. ಅಧಿಕಾರಿ ಸುಮ್ಮನೆ ಕುಳಿತರೆ ಲೋಕಾಯುಕ್ತಕ್ಕೆ ದೂರು; ಕೊನೆಗೆ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್. ಅಲ್ಲಿ ಮೊದಲು ಬರುವ ಪ್ರಶ್ನೆ, ನೀವು ಅಧಿಕಾರಿಗೆ ಲಿಖಿತ ಮನವಿ ಕೊಟ್ಟಿದ್ದೀರಾ ಎಂಬುದು. ಮೊದಲ ಕಾಗದವಿಲ್ಲದೆ ಕೊನೆಯ ಬಾಗಿಲು ತೆರೆಯುವುದು ಕಷ್ಟ. ಊರಿನಲ್ಲಿ ಓಡಾಡಲು ಅಣ್ಣನಿಗೋ ತಂಗಿಗೋ ಅಧಿಕಾರಪತ್ರ ಕೊಡುವುದಿದ್ದರೆ ರಾಯಭಾರ ಕಚೇರಿಯಲ್ಲಿ ದೃಢೀಕರಿಸಿ ಕಳಿಸಿ. ಅದು ಊರು ತಲುಪಿದ ಮೂರು ತಿಂಗಳೊಳಗೆ ಅಲ್ಲಿ ಸ್ಟ್ಯಾಂಪ್ ಶುಲ್ಕ ಕಟ್ಟಿಸಬೇಕು.

ಮನೆಯಿಲ್ಲದೆ ಸರ್ಕಾರಿ ಜಾಗದಲ್ಲಿ ಗುಡಿಸಲು ಕಟ್ಟಿದವರ ವಿಷಯ ಬೇರೆ. ಅವರ ಸಕ್ರಮಕ್ಕೆ 94ಸಿ ಕಲಂ ಇದೆ. ಅವರ ಮೇಲೆ ಅರ್ಜಿ ಹಿಡಿದು ಹೋಗುವುದು ನ್ಯಾಯವಲ್ಲ.

ನಾಲ್ಕನೇ ರಜೆಯಲ್ಲಿ ನಾವು ಬರೆದುಕೊಟ್ಟೆವು. ಸರ್ವೆಯವರು ಬಂದರು, ಸರಪಳಿ ಎಳೆದರು. ಗಲ್ಫಿನ ದುಡ್ಡಿನಲ್ಲಿ ನಾವೇ ಕಟ್ಟಿಸಿದ ಕಾಂಪೌಂಡು ಗೋಡೆಯೂ ದಾರಿಗೆ ಒಂದಡಿ ಬಂದಿದೆ ಎಂದು ಗೊತ್ತಾಯಿತು. ನೆರೆಯವರು ನಗುತ್ತಾ ನಿಂತಿದ್ದರು. ಆ ವಾರವೇ ಅಷ್ಟನ್ನು ಕೆಡವಿಸಿದೆವು. ಕೆಡವದಿದ್ದರೆ ನಮ್ಮ ಅರ್ಜಿಗೆ ಬೆಲೆ ಎಲ್ಲಿಂದ ಬರಬೇಕು? ಕುಮ್ಕಿಗೆ ಬೇಲಿ ಹಾಕಿ ಸ್ವಂತದ್ದು ಎಂದುಕೊಂಡಿರುವ ನಮ್ಮವರೂ ಇದನ್ನು ಯೋಚಿಸಬೇಕು.

ಆಚೆಯ ಬೇಲಿ ಇನ್ನೂ ಪೂರ್ತಿ ಹೋಗಿಲ್ಲ. ನೋಟಿಸು ಆಗಿದೆ, ಗಡಿಕಲ್ಲು ನೆಟ್ಟಿದ್ದಾರೆ. ಕಲ್ಲು ಬಿದ್ದ ಮೇಲೆ ಬೇಲಿ ಒಂದು ಗೇಣೂ ಮುಂದೆ ಬಂದಿಲ್ಲ. ಈ ಸಲ ಊರಿಗೆ ಹೊರಡುವಾಗ ಖರ್ಜೂರ, ಸೆಂಟಿನ ಜೊತೆ ನಿಮ್ಮೂರಿನ ದಾರಿಯ ಸರ್ವೆ ನಂಬರನ್ನೂ ಬರೆದಿಟ್ಟುಕೊಳ್ಳಿ. ರಜೆಯ ಮೊದಲ ವಾರದಲ್ಲೇ ಅರ್ಜಿ ಕೊಡಿ. ಕೊನೆಯ ವಾರ ಹೇಗೂ ಪೆಟ್ಟಿಗೆ ಕಟ್ಟುವುದರಲ್ಲೇ ಮುಗಿದುಹೋಗುತ್ತದೆ.